ಸೇನೆ ಹೋದ ಮೇಲೆ ಊರಲ್ಲಿ ಯಾರು ಉಳಿದರು?

ಪ್ರಶ್ನೆ: ಮಂಗೋಲರು 1258ರಲ್ಲಿ ಬಾಗ್ದಾದ್ ಸುಟ್ಟರು, ಲಕ್ಷಗಟ್ಟಲೆ ಜನ ಸತ್ತರು, ಪುಸ್ತಕಗಳ ಶಾಯಿಯಿಂದ ಟೈಗ್ರಿಸ್ ನದಿ ಕಪ್ಪಾಯಿತು, ಆಮೇಲೆ ಆ ನಾಡು ಏಳಲೇ ಇಲ್ಲ ಅಂತ ಓದಿದೆ. ಆದರೆ ಹೊರಗಿನವರ ದಾಳಿಗೆ ಸಿಕ್ಕ ಎಷ್ಟೋ ದೇಶಗಳು ಮತ್ತೆ ಎದ್ದಿವೆ. ಕೆಲವು ಏಳುತ್ತವೆ, ಕೆಲವು ಏಳುವುದಿಲ್ಲ, ಯಾಕೆ? ನಮ್ಮ ಹಳೇಬೀಡಿಗೂ ಈ ಮಂಗೋಲರಿಗೂ ಏನಾದರೂ ಸಂಬಂಧ ಇದೆಯಾ? (ಹಾಸನದ ಓದುಗರೊಬ್ಬರು)

ಉತ್ತರ: ನಿಮ್ಮದು ಒಂದು ಪ್ರಶ್ನೆ ಅಂದುಕೊಂಡು ಓದಲು ಶುರುಮಾಡಿದೆ, ನೋಡಿದರೆ ಅದರೊಳಗೆ ನಾಲ್ಕು ಇವೆ. ಹಳೇಬೀಡನ್ನು ಕೊನೆಗೆ ಇಟ್ಟುಕೊಳ್ಳೋಣ. ಅಲ್ಲಿಗೆ ಹೋಗಬೇಕಾದರೆ ಮೊದಲು ಇರಾನ್ ದಾಟಬೇಕು.

ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇನೆ. ದಾಳಿಯಲ್ಲಿ ಎಷ್ಟು ಜನ ಸತ್ತರು ಅನ್ನುವುದನ್ನು ನೋಡಿ ಒಂದು ನಾಡು ಎದ್ದಿತೋ ಇಲ್ಲವೋ ಹೇಳಲು ಆಗುವುದಿಲ್ಲ. ಊರಿಗೆ ನೀರು ತರುವವರು ಉಳಿದರಾ, ಲೆಕ್ಕ ಬರೆಯುವವರು ಉಳಿದರಾ, ಉಳಿದವರನ್ನು ಹೊಸ ದೊರೆ ಅವರ ಪಾಡಿಗೆ ಕೆಲಸ ಮಾಡಲು ಬಿಟ್ಟನಾ? ಹೆಚ್ಚು ಸಲ ಉತ್ತರ ಇರುವುದು ಇಲ್ಲೇ. ನಮ್ಮ ಕಡೆಯ ಮಾತಲ್ಲಿ ಹೇಳಬೇಕೆಂದರೆ, ಕೋಟೆ ಬಿದ್ದರೆ ಊರು ಬೀಳುವುದಿಲ್ಲ, ನೀರುಗಂಟಿ ಮತ್ತು ಶಾನುಭೋಗ ಇಬ್ಬರೂ ಊರು ಬಿಟ್ಟರೆ ಬೀಳುತ್ತದೆ.

ಮಂಗೋಲರ ಕತೆ ಬಾಗ್ದಾದಿನಿಂದ ಶುರುವಾಗುವುದಿಲ್ಲ. ಅದಕ್ಕೆ 40 ವರ್ಷ ಮುಂಚೆ, 1218ರಲ್ಲಿ, ಈಗಿನ ಕಝಾಕಸ್ತಾನದಲ್ಲಿರುವ ಒತ್ರಾರ್ ಎಂಬ ಗಡಿ ಪಟ್ಟಣದಲ್ಲಿ ಶುರುವಾಗುತ್ತದೆ. ಚಂಗೀಸ್ ಖಾನ್ ಕಡೆಯಿಂದ ಸುಮಾರು 450 ವ್ಯಾಪಾರಿಗಳ ತಂಡ ಬಂದಿತ್ತು. ಪಟ್ಟಣದ ಅಧಿಕಾರಿ ಅವರನ್ನು ಗೂಢಚಾರರು ಎಂದು ಹಿಡಿಸಿ ಕೊಲ್ಲಿಸಿದ, ಸರಕು ಕಿತ್ತುಕೊಂಡ. ಅವರಲ್ಲಿ ಗೂಢಚಾರರು ಇದ್ದಿರಲೂಬಹುದು, ಆ ಕಾಲದಲ್ಲಿ ವ್ಯಾಪಾರಿ ಅಂದರೆ ಅರ್ಧ ಬೇಹುಗಾರನೇ. ನ್ಯಾಯ ಕೇಳಲು ಚಂಗೀಸ್ ರಾಯಭಾರಿಗಳನ್ನು ಕಳಿಸಿದ. ಖ್ವಾರಜಮ್ ದೇಶದ ದೊರೆ ಎರಡನೆಯ ಮುಹಮ್ಮದ್ ಷಾ ಅವರಲ್ಲೊಬ್ಬನನ್ನು ಕೊಂದು, ಉಳಿದವರ ಗಡ್ಡ ಬೋಳಿಸಿ ವಾಪಸ್ ಅಟ್ಟಿದ. ಆ ದೊರೆಯ ರಾಜ್ಯ ಆಗ ಇರಾನ್‌ನಿಂದ ಸಿರ್ ದರಿಯಾ ನದಿವರೆಗೆ ಹರಡಿತ್ತು.

ರಾಜ್ಯ ದೊಡ್ಡದು, ಆದರೆ ಹೊಲಿಗೆ ಸಡಿಲ. ದೊರೆಗೂ ಅವನ ತಾಯಿ ತೆರ್ಕೆನ್ ಖಾತೂನ್‌ಗೂ ಆಗುತ್ತಿರಲಿಲ್ಲ. ಸೇನಾಪತಿಗಳಲ್ಲಿ ಅರ್ಧಕ್ಕರ್ಧ ತಾಯಿಯ ಕಡೆಯವರು. ಒತ್ರಾರ್ ಅಧಿಕಾರಿಯೂ ಅವಳ ಸಂಬಂಧಿಕನೇ. ದೊರೆ ಬಾಗ್ದಾದಿನ ಖಲೀಫನ ಜೊತೆ ಬೇರೆ ಜಗಳ ಮಾಡಿಕೊಂಡಿದ್ದ. ತನ್ನ ಸೈನ್ಯವನ್ನೆಲ್ಲ ಒಂದೇ ಕಡೆ ಸೇರಿಸಿದರೆ ಅದು ತನ್ನ ಮೇಲೇ ತಿರುಗಿಬೀಳಬಹುದು ಅನ್ನುವ ಭಯ ಅವನಿಗೆ. ಹಾಗಾಗಿ ಒಂದೊಂದು ಊರಿಗೆ ಒಂದಿಷ್ಟು ಎಂದು ಹಂಚಿದ. 1219ರಲ್ಲಿ ಮಂಗೋಲರು ಬಂದರು. ಹಂಚಿಹೋದ ಸೈನ್ಯವನ್ನು ಊರೂರಿಗೆ ಹೋಗಿ ಮುಗಿಸಿದರು. 1220ರ ಫೆಬ್ರವರಿಯಲ್ಲಿ ಬುಖಾರಾ, ಮಾರ್ಚಿನಲ್ಲಿ ಸಮರ್ಕಂದ್. ಷಾ ಓಡುತ್ತಾ ಓಡುತ್ತಾ ಕ್ಯಾಸ್ಪಿಯನ್ ಸಮುದ್ರದ ಒಂದು ದ್ವೀಪ ಸೇರಿ ಅಲ್ಲೇ ಕಣ್ಣುಮುಚ್ಚಿದ.

ಇದನ್ನು ಇಷ್ಟು ಬಿಡಿಸಿ ಹೇಳಲು ಕಾರಣ ಇದೆ. ದಾಳಿಕಾರರ ಕುದುರೆ, ಬಿಲ್ಲು, ಶಿಸ್ತು ಇವನ್ನೆಲ್ಲ ನಾವು ಚೆನ್ನಾಗಿ ವರ್ಣಿಸುತ್ತೇವೆ. ಸೋತವರ ಮನೆಯೊಳಗಿನ ಬಿರುಕನ್ನು ಮರೆತುಬಿಡುತ್ತೇವೆ. ಮೆಕ್ಸಿಕೋದಲ್ಲಿ ಸ್ಪೇನಿನ ದಾಳಿಕಾರ ಕಾರ್ಟೆಸ್‌ಗೆ ಅಲ್ಲಿನವರೇ ಆದ ಸಾವಿರಾರು ತ್ಲಾಸ್ಕಲಾ ಜನ ಜೊತೆ ಕೊಟ್ಟರು, ಯಾಕೆಂದರೆ ಅಜ್ಟೆಕ್ ರಾಜರ ಕಾಟ ಅವರಿಗೆ ಸಾಕಾಗಿತ್ತು. ಪೆರುವಿನಲ್ಲಿ ಪಿಜಾರೊ 168 ಜನರನ್ನು ಕಟ್ಟಿಕೊಂಡು 1532ರಲ್ಲಿ ಕಹಮಾರ್ಕಾ ತಲುಪಿದಾಗ ಅಲ್ಲಿ ಅಣ್ಣತಮ್ಮಂದಿರ ಯುದ್ಧ ಆಗಷ್ಟೇ ಮುಗಿದಿತ್ತು. ಸಿಡುಬು ಎಷ್ಟು ಕೆಲಸ ಮಾಡಿತೋ, ಒಳಜಗಳವೂ ಅಷ್ಟೇ ಮಾಡಿತು.

ಈಗ ಸಂಖ್ಯೆಯ ವಿಷಯ. ಮರ್ವ್ ಎಂಬ ನಗರ ಈಗಿನ ತುರ್ಕ್‌ಮೆನಿಸ್ತಾನದಲ್ಲಿದೆ. ದಾಳಿಗೆ ಸ್ವಲ್ಪ ಮುಂಚೆ ಅಲ್ಲಿದ್ದ ಯಾಕೂತ್ ಎಂಬ ಭೂಗೋಳ ಪಂಡಿತ ಹತ್ತು ಪುಸ್ತಕ ಭಂಡಾರಗಳ ವಿಷಯ ಬರೆದಿದ್ದಾನೆ. ಒಂದರಲ್ಲೇ ಸುಮಾರು 12,000 ಸಂಪುಟ ಇದ್ದವಂತೆ. ಮನೆಗೆ ಎಷ್ಟು ಬೇಕಾದರೂ ಪುಸ್ತಕ ಒಯ್ಯಲು ಬಿಡುತ್ತಿದ್ದರು ಎಂದು ಖುಷಿಯಿಂದ ನೆನೆಯುತ್ತಾನೆ. ಮಂಗೋಲರು ಬರದಿದ್ದರೆ ಸಾಯುವವರೆಗೂ ಅಲ್ಲೇ ಇರುತ್ತಿದ್ದೆ ಅನ್ನುವ ಧಾಟಿ ಅವನದು. 1221ರ ಫೆಬ್ರವರಿಯಲ್ಲಿ ಚಂಗೀಸನ ಮಗ ತೊಲುಯ್ ಬಂದ. ಊರು ಶರಣಾಯಿತು. ಕುಶಲಕರ್ಮಿಗಳನ್ನು ಬೇರೆ ಮಾಡಿ, ಉಳಿದವರನ್ನು ಬಯಲಿಗೆ ಕರೆತಂದು ಕೊಂದರು. ಇಬ್ನುಲ್ ಅತೀರ್ ಎಂಬ ಇತಿಹಾಸಕಾರ 7 ಲಕ್ಷ ಅನ್ನುತ್ತಾನೆ. ಜುವೈನಿ ಎಂಬಾತ 13 ಲಕ್ಷ ಅನ್ನುತ್ತಾನೆ, ಹದಿಮೂರು ದಿನ ಕೂತು ಎಣಿಸಿದರು ಎಂದೂ ಸೇರಿಸುತ್ತಾನೆ.

ಈ ಅಂಕಿಗಳನ್ನು ಇವತ್ತಿನ ಇತಿಹಾಸಕಾರರು ಹಾಗೇ ಒಪ್ಪುವುದಿಲ್ಲ. ಅಷ್ಟು ಜನಕ್ಕೆ ಅನ್ನ, ನೀರು ಒದಗಿಸುವ ಶಕ್ತಿ ಆ ಓಯಸಿಸ್‌ಗೆ ಇರಲಿಲ್ಲ. ಇನ್ನೊಂದು ಸಾಕ್ಷಿ ಜುವೈನಿಯ ಬರಹದಲ್ಲೇ ಇದೆ. ಎಲ್ಲರೂ ಸತ್ತರು ಎಂದು ಬರೆದ ಸ್ವಲ್ಪ ಹೊತ್ತಿಗೇ ಅದೇ ಮರ್ವ್‌ನಲ್ಲಿ ಮತ್ತೆ ಜನ ಸೇರಿದ್ದು, ದಂಗೆ ಎದ್ದಿದ್ದು, ಮತ್ತೆ ಮಂಗೋಲರು ಬಂದು ಕೊಂದದ್ದು ಬರುತ್ತದೆ. ಸತ್ತ ಊರು ದಂಗೆ ಏಳುವುದಿಲ್ಲ, ಅಲ್ವಾ? ಹಾಗಂತ ಹತ್ಯಾಕಾಂಡವೇ ಸುಳ್ಳು ಅನ್ನುವವರ ಜೊತೆಗೂ ನಾನಿಲ್ಲ. ಮರ್ವ್ ಸೇರಿದ್ದ ಖುರಾಸಾನ್ ಪ್ರಾಂತ್ಯದಲ್ಲಿ ನಡೆದದ್ದು ಭಯಂಕರ. ಆ ಅಂಕಿಗಳನ್ನು ಜನಗಣತಿ ಎಂದು ಓದಬಾರದು, ಎದೆ ಒಡೆದ ಜನರ ಮಾತು ಎಂದು ಓದಬೇಕು, ಅಷ್ಟೇ.

ನನ್ನ ಕಣ್ಣು ನಿಲ್ಲುವುದು ಆ ಎರಡನೇ ಸಲದ ಕತೆಯ ಮೇಲೆ. ತೊಲುಯ್ ಹೋದ ಮೇಲೆ ಒಬ್ಬ ನಾಯಕ ಮರ್ವ್‌ಗೆ ಬಂದ. ಗೋಡೆ ಎತ್ತಿಸಲು ಶುರುಮಾಡಿದ. ಜೊತೆಗೆ ಮುರ್ಗಾಬ್ ನದಿಯ ಅಣೆಯನ್ನೂ ರಿಪೇರಿಗೆ ತೆಗೆದುಕೊಂಡ, ಬೇಸಾಯ ಹಿಡಿಸಿದ. ಅವನಿಗೆ ಗೊತ್ತಿತ್ತು. ಮರುಭೂಮಿಯ ನಡುವೆ ಆ ಊರು ನಿಂತದ್ದೇ ಆ ಅಣೆಯಿಂದ. ನದಿ ನೀರನ್ನು ಎತ್ತರಿಸಿ ಕಾಲುವೆಗಳಿಗೆ ಬಿಡುತ್ತಿದ್ದ ಕಟ್ಟೆ ಅದು. ಮಂಗೋಲರು ಮತ್ತೆ ಬಂದರು, ಆ ಕೆಲಸ ಅರ್ಧಕ್ಕೇ ನಿಂತಿತು. ಆಮೇಲೆ ಆ ಅಣೆಯನ್ನು ಸರಿಯಾಗಿ ಕಟ್ಟಿದ್ದು ತೈಮೂರನ ಮಗ ಶಾರುಖ್, ಅದೂ 1409ರಲ್ಲಿ. ಹತ್ತಿರ ಹತ್ತಿರ 190 ವರ್ಷ! ಅಷ್ಟು ಹೊತ್ತಿಗೆ ಹಳೇ ಊರಿನ ಹತ್ತಿರ ಯಾರೂ ಹೋಗಲಿಲ್ಲ, ಪಕ್ಕದಲ್ಲಿ ಚಿಕ್ಕದೊಂದು ಊರು ಕಟ್ಟಿಕೊಂಡರು.

ಇರಾನಿನ ಬೇರೆ ಕಡೆ ಅಣೆಗಿಂತ ಜಾಸ್ತಿ ಇದ್ದದ್ದು ಕನಾತ್. ಬೆಟ್ಟದ ಬುಡದಲ್ಲಿ ಅಂತರ್ಜಲ ಸಿಗುವವರೆಗೆ ಬಾವಿ ತೋಡುತ್ತಾರೆ. ಅಲ್ಲಿಂದ ಊರಿನವರೆಗೆ ನೆಲದೊಳಗೇ ಸಣ್ಣ ಇಳಿಜಾರಿನ ಸುರಂಗ. ನೀರು ಬಿಸಿಲಿಗೆ ಸಿಗದೆ, ಯಾರೂ ಎತ್ತದೆ, ತಾನಾಗಿಯೇ ಹರಿದು ಊರಲ್ಲಿ ಹೊರಬರುತ್ತದೆ. ಇದನ್ನು ನೋಡಲು ಇರಾನ್‌ಗೇ ಹೋಗಬೇಕಿಲ್ಲ. ಬಹಮನಿ ಕಾಲದಲ್ಲಿ ಇದೇ ವಿದ್ಯೆಯನ್ನು ಬೀದರ್‌ಗೆ ತಂದರು. ನೌಬಾದ್‌ನಲ್ಲಿರುವ ಕರೇಜ್ ಅದೇ, ಜನ ಸುರಂಗ ಬಾವಿ ಅನ್ನುತ್ತಾರೆ. ಕನಾತಿನ ಕಷ್ಟ ಏನೆಂದರೆ ಅದಕ್ಕೆ ಆಗಾಗ ಆರೈಕೆ ಬೇಕು. ಮಣ್ಣು ಕುಸಿಯುತ್ತದೆ, ಹೂಳು ತುಂಬುತ್ತದೆ. ಒಳಗೆ ಇಳಿದು ತೆಗೆಯುವವರು ತಲೆಮಾರಿನಿಂದ ಕಲಿತವರು, ಅವರನ್ನು ಮುಕನ್ನಿ ಎನ್ನುತ್ತಾರೆ. ಮಂಗೋಲರು ಊರೂರಿನ ಕನಾತ್ ಹುಡುಕಿಕೊಂಡು ಹೋಗಿ ಮುಚ್ಚಬೇಕಾಗಿರಲಿಲ್ಲ. ಮುಕನ್ನಿ ಓಡಿಹೋದ, ಅವನಿಗೆ ಕೂಲಿ ಕೊಡುವ ರೈತ ಸತ್ತ, ಕೆಲವು ವರ್ಷ ಯಾರೂ ಇಳಿಯಲಿಲ್ಲ. ಅಷ್ಟು ಸಾಕು.

ಇದಕ್ಕೆ ಎದುರಿಗೆ ಶಿರಾಜ್ ಇಟ್ಟು ನೋಡಿ. ಶಿರಾಜ್ ಇರುವ ಫಾರ್ಸ್ ಪ್ರಾಂತ್ಯವನ್ನು ಸಲ್ಗೂರಿ ವಂಶದ ಅರಸರು ಆಳುತ್ತಿದ್ದರು. ಅವರು ಜಾಣರು. ಮಂಗೋಲರಿಗೆ ಕಪ್ಪ ಒಪ್ಪಿಸಿ, ತಲೆಬಾಗಿ, ಊರು ಉಳಿಸಿಕೊಂಡರು. ವೀರಗಾಥೆ ಬರೆಯಲು ಇದರಲ್ಲಿ ಏನೂ ಇಲ್ಲ. ಆದರೆ ಕವಿ ಸಾದಿ ಅದೇ ಶಿರಾಜ್‌ನಲ್ಲಿ ಕೂತು 1258ರಲ್ಲಿ ‘ಗುಲಿಸ್ತಾನ್’ ಮುಗಿಸಿದ. ಬಾಗ್ದಾದ್ ಬಿದ್ದದ್ದೂ ಅದೇ ವರ್ಷ. ಖಲೀಫನ ಸಾವಿಗೆ ಸಾದಿ ಶೋಕಗೀತೆಯನ್ನೂ ಬರೆದ. ಮುಂದಿನ ಶತಮಾನದಲ್ಲಿ ಹಾಫಿಜ್ ಹಾಡಿದ್ದೂ ಶಿರಾಜ್‌ನಲ್ಲೇ. ಹಾಗಾದರೆ ‘ಮಂಗೋಲರ ದಾಳಿಯಿಂದ ಇರಾನ್ ಹಾಳಾಯಿತು’ ಅನ್ನುವ ವಾಕ್ಯದಲ್ಲಿ ಯಾವ ಇರಾನ್? ಮರ್ವ್, ನಿಶಾಪುರದ ಇರಾನೋ, ಶಿರಾಜ್‌ದೋ? ದೇಶ ಎಂದು ನಾವು ಒಂದೇ ಹೆಸರಿಡುತ್ತೇವೆ. ದಾಳಿ ಮಾತ್ರ ಪ್ರಾಂತ್ಯ ಪ್ರಾಂತ್ಯಕ್ಕೂ ಬೇರೆ ಬೇರೆ ಮುಖ ತೋರಿಸುತ್ತದೆ.

ಈಗ ಬಾಗ್ದಾದ್. ಚಂಗೀಸನ ಮೊಮ್ಮಗ ಹುಲಗು ದೊಡ್ಡ ಸೈನ್ಯ, ಚೀನಾದಿಂದ ತಂದ ಕವಣೆಯಂತ್ರದ ಪರಿಣತರು ಎಲ್ಲರನ್ನೂ ಕಟ್ಟಿಕೊಂಡು ಬಂದ. 1256ರಲ್ಲಿ ಇರಾನಿನ ಬೆಟ್ಟಗಳಲ್ಲಿದ್ದ ಇಸ್ಮಾಯಿಲಿ ಪಂಥದವರ ಅಲಮೂತ್ ಕೋಟೆಗಳನ್ನು ಬೀಳಿಸಿದ. 1258ರ ಜನವರಿ ಕೊನೆಗೆ ಬಾಗ್ದಾದ್ ಮುತ್ತಿದ, ಫೆಬ್ರವರಿ 10ಕ್ಕೆ ಊರು ಶರಣಾಯಿತು. ಕೊಲೆ, ಲೂಟಿ ಒಂದು ವಾರದ ಮೇಲೂ ನಡೆಯಿತು. ಖಲೀಫ ಅಲ್ ಮುಸ್ತಅಸಿಮ್‌ನನ್ನು ಕೊಂದರು. ರಾಜರಕ್ತ ನೆಲಕ್ಕೆ ಬೀಳಬಾರದು ಎಂದು ಜಮಖಾನೆಯಲ್ಲಿ ಸುತ್ತಿ ಕುದುರೆ ಹಾಯಿಸಿದರು ಅನ್ನುವ ಕತೆ ಹೆಸರುವಾಸಿ. ಎಷ್ಟು ಜನ ಸತ್ತರು? ಹುಲಗುವೇ 1262ರಲ್ಲಿ ಫ್ರಾನ್ಸಿನ ರಾಜನಿಗೆ ಬರೆಸಿದ ಪತ್ರದಲ್ಲಿ 2 ಲಕ್ಷಕ್ಕೂ ಮೇಲೆ ಎಂದು ಕೊಚ್ಚಿಕೊಂಡಿದ್ದಾನೆ. ಸೋತವನು ದುಃಖದಲ್ಲಿ ಅಂಕಿ ಏರಿಸುತ್ತಾನೆ, ಗೆದ್ದವನು ಹೆಮ್ಮೆಗೆ ಏರಿಸುತ್ತಾನೆ. ನಿಜ ಎಲ್ಲೋ ಕೆಳಗೆ ಇರುತ್ತದೆ.

ಆದರೆ ಬಿದ್ದದ್ದು ಯಾವ ಬಾಗ್ದಾದ್? ಹಾರೂನ್ ಅಲ್ ರಶೀದ್ ಕಾಲದ ಊರು ಎಂದು ನಾವು ಮನಸ್ಸಲ್ಲಿ ಚಿತ್ರ ಬಿಡಿಸಿಕೊಂಡಿರುತ್ತೇವೆ. ಅದು ಮುಗಿದು ನಾಲ್ಕು ಶತಮಾನ ಆಗಿತ್ತು. 945ರಲ್ಲೇ ಇರಾನಿನ ಬುವೈಹಿ ವಂಶದವರು ಬಂದು ಖಲೀಫನನ್ನು ಗೊಂಬೆ ಮಾಡಿಟ್ಟಿದ್ದರು. 1055ರಲ್ಲಿ ಸೆಲ್ಜೂಕ್ ತುರ್ಕರು ಬಂದರು. ಕೊನೆಯ ಖಲೀಫರ ಆಡಳಿತ ಇರಾಕಿನ ಆಚೆ ಇರಲಿಲ್ಲ. ನೀರಿನ ಕತೆ ಇನ್ನೂ ಹಳೆಯದು. ಬಾಗ್ದಾದಿನ ಪೂರ್ವಕ್ಕಿದ್ದ ನಹ್ರವಾನ್ ಎಂಬ ಮಹಾ ಕಾಲುವೆ ಆ ಬಯಲಿನ ಜೀವ. 937ರಲ್ಲಿ ತಮ್ಮತಮ್ಮಲ್ಲೇ ಜಗಳವಾಡುತ್ತಿದ್ದ ಸೇನಾಪತಿಗಳಲ್ಲಿ ಒಬ್ಬ ಎದುರಾಳಿಯನ್ನು ತಡೆಯಲು ಅದರ ಏರಿ ಒಡೆಸಿದ. ಆಮೇಲೆ ಹೂಳು, ತೇಪೆ, ಮತ್ತೆ ಹೂಳು. ಮಂಗೋಲರು ಬರುವುದಕ್ಕೆ ನೂರು ವರ್ಷ ಮುಂಚೆಯೇ ಆ ಕಾಲುವೆಯನ್ನು ಜನ ಕೈಬಿಟ್ಟಿದ್ದರು. ಅಲ್ಲಿನ ಹಾಳು ಹಳ್ಳಿಗಳನ್ನು ಅಗೆದು, ನಡೆದು ಅಳೆದ ಪುರಾತತ್ವದವರು ಇದನ್ನು ಚೆನ್ನಾಗಿ ತೋರಿಸಿದ್ದಾರೆ. ಇರಾಕಿನ ನೀರಾವರಿ ಹಾಳು ಮಾಡಿದ ಅಪವಾದ ಪೂರ್ತಿ ಹುಲಗು ತಲೆಗೆ ಕಟ್ಟುವುದು ಸುಲಭ. ನಿಜವಾದ ಕೆಲಸ ಒಳಗಿನವರೇ ಮುಗಿಸಿದ್ದರು.

ಶಾಯಿಯಿಂದ ಕಪ್ಪಾದ ನದಿಯ ಚಿತ್ರ ನಂತರದ ಬರಹಗಾರರಲ್ಲಿ ಬೆಳೆದದ್ದು. ಪುಸ್ತಕಗಳು ಹಾಳಾಗಿದ್ದು ನಿಜ. ಎಲ್ಲವೂ ನದಿಗೆ ಹೋಗಲಿಲ್ಲ. ಇಲ್ಲಿ ನಿಮಗೆ ಇಬ್ನುಲ್ ಫುವತಿ ಎಂಬವನನ್ನು ಪರಿಚಯ ಮಾಡಿಸಬೇಕು. 1244ರಲ್ಲಿ ಬಾಗ್ದಾದಿನಲ್ಲಿ ಹುಟ್ಟಿದ ಹುಡುಗ. ಊರು ಬಿದ್ದಾಗ ಹದಿನಾಲ್ಕರ ಪ್ರಾಯ, ಸೆರೆ ಸಿಕ್ಕ. ಕೆಲವು ವರ್ಷದ ಮೇಲೆ ಹುಲಗುವಿನ ಜೊತೆಗಿದ್ದ ಖಗೋಳ ಪಂಡಿತ ನಸೀರುದ್ದೀನ್ ತೂಸಿಯ ಆಸರೆಗೆ ಬಂದ. ತೂಸಿ 1259ರಿಂದ ಅಜರ್‌ಬೈಜಾನ್ ಕಡೆಯ ಮರಾಘಾದಲ್ಲಿ ದೊಡ್ಡ ವೀಕ್ಷಣಾಲಯ ಕಟ್ಟಿಸುತ್ತಿದ್ದ. ಬಾಗ್ದಾದ್, ಅಲಮೂತ್ ಮುಂತಾದ ಕಡೆಯಿಂದ ತಂದ ಪುಸ್ತಕಗಳು ಅಲ್ಲಿ ಸೇರಿದ್ದವು. ಆ ಭಂಡಾರ ನೋಡಿಕೊಳ್ಳುವ ಕೆಲಸ ಇಬ್ನುಲ್ ಫುವತಿಗೆ ಸಿಕ್ಕಿತು. ಆಮೇಲೆ ಅವನು ಬಾಗ್ದಾದಿಗೇ ವಾಪಸ್ ಹೋಗಿ ಮುಸ್ತನ್ಸಿರಿಯಾ ವಿದ್ಯಾಲಯದ ಪುಸ್ತಕ ಭಂಡಾರದ ಮುಖ್ಯಸ್ಥನಾದ. ಅಂದರೆ ಆ ವಿದ್ಯಾಲಯವೂ ಇತ್ತು, ಅದಕ್ಕೆ ಪುಸ್ತಕವೂ ಇತ್ತು, ಸಂಬಳ ಕೊಡುವವರೂ ಇದ್ದರು. ‘ಒಂದೇ ವಾರದಲ್ಲಿ ನಾಗರಿಕತೆ ಮುಗಿಯಿತು’ ಅನ್ನುವವರು ಈ ಮನುಷ್ಯನ ಜೀವನ ಎಲ್ಲಿ ಇಡುತ್ತಾರೋ ಗೊತ್ತಿಲ್ಲ.

ಲೆಕ್ಕ ಬರೆಯುವವರ ಮಾತಿಗೆ ಬಂದೆವು. ಮೇಲೆ ಹೇಳಿದ ಜುವೈನಿ ಇದ್ದಾನಲ್ಲ, ಅವನ ಮನೆತನವನ್ನೇ ನೋಡಿ. ಅಜ್ಜ ಖ್ವಾರಜಮ್ ಷಾನ ಕೈಕೆಳಗೆ ಹಣಕಾಸು ನೋಡಿಕೊಂಡವನು. ಅಪ್ಪ ಮಂಗೋಲರ ಕೈಗೆ ಸಿಕ್ಕ, ಅವರಿಗೇ ಖುರಾಸಾನಿನ ಲೆಕ್ಕಾಧಿಕಾರಿಯಾದ. ಅವನ ಮಗ, ಅಂದರೆ ಇದೇ ಇತಿಹಾಸಕಾರ ಅತಾ ಮಲಿಕ್ ಜುವೈನಿ, ಹುಲಗುವಿನ ಜೊತೆಗೇ ಬಂದು, 1259ರಿಂದ ಬಾಗ್ದಾದಿನ ಗವರ್ನರ್ ಆದ. ಯೂಫ್ರಟಿಸ್‌ನಿಂದ ನಜಫ್ ಕಡೆಗೆ ಹೊಸ ಕಾಲುವೆ ತೋಡಿಸಿ ಹಳ್ಳಿ ಕಟ್ಟಿಸಿದ. ಇನ್ನೊಬ್ಬ ಮಗ ವಜೀರನಾದ. ದೇಶದ್ರೋಹಿಗಳು ಎಂದು ಬೈಯಬಹುದು, ಆ ಕಾಲದವರೂ ಬೈದಿದ್ದಾರೆ. ಅವರು ಇಲ್ಲದಿದ್ದರೆ? ಕುದುರೆ ಮೇಲೆ ಬಂದ ಮಂಗೋಲನಿಗೆ ಯಾವ ಹಳ್ಳಿ ಎಷ್ಟು ಕೊಡುತ್ತದೆ ಗೊತ್ತಿಲ್ಲ. ಗೊತ್ತಿಲ್ಲದ ಒಡೆಯ ಇದ್ದದ್ದೆಲ್ಲ ಬಾಚುತ್ತಾನೆ. ಲೆಕ್ಕ ಇದ್ದರೆ ಸುಲಿಗೆಗೂ ಒಂದು ಅಳತೆ ಬರುತ್ತದೆ. ಇದೇ ಮನೆತನದ ವಜೀರನನ್ನು ಮಂಗೋಲ್ ದೊರೆ 1284ರಲ್ಲಿ ಕೊಲ್ಲಿಸಿದ ಅನ್ನುವುದನ್ನೂ ಹೇಳಬೇಕು. ಸುಖದ ನೌಕರಿ ಆಗಿರಲಿಲ್ಲ.

ನನ್ನ ಮಟ್ಟಿಗೆ ಇರಾನಿನ ಹಳ್ಳಿಗಳಿಗೆ ಜಾಸ್ತಿ ಪೆಟ್ಟು ಬಿದ್ದದ್ದು ಹತ್ಯಾಕಾಂಡದ ಎರಡು ವರ್ಷದಲ್ಲಿ ಅಲ್ಲ, ಆಮೇಲಿನ 70 ವರ್ಷದಲ್ಲಿ. ಮಂಗೋಲರು ಹಳೇ ಭೂಕಂದಾಯವನ್ನು ಬಿಡಲಿಲ್ಲ, ಅದರ ಮೇಲೆ ಕುಬ್ಚೂರ್ ಎಂಬ ತಲೆಗಂದಾಯ ಹೇರಿದರು. ಎಷ್ಟು ಸಲ ವಸೂಲಿ ಅನ್ನುವುದಕ್ಕೆ ಮಿತಿ ಇರಲಿಲ್ಲ. ವರ್ಷಕ್ಕೆ ಹತ್ತು ಸಲ, ಕೆಲವು ಕಡೆ ಇಪ್ಪತ್ತು ಮೂವತ್ತು ಸಲ. ರಶೀದುದ್ದೀನ್ ಎಂಬ ವಜೀರ ಒಂದು ಘಟನೆ ಬರೆದಿದ್ದಾನೆ. ಯಜ್ದ್ ಕಡೆಯ ಒಬ್ಬ ಜಮೀನ್ದಾರ ತನ್ನ ಪಾಲಿನ ಹುಟ್ಟುವಳಿ ಕೇಳಲು ಫಿರೂಜಾಬಾದ್ ಎಂಬ ದೊಡ್ಡ ಹಳ್ಳಿಗೆ ಹೋದ. ಮೂರು ದಿನ ಕಾದರೂ ಊರಿನ ಯಜಮಾನರು ಒಬ್ಬರೂ ಸಿಗಲಿಲ್ಲ. ಸಿಕ್ಕವರು ಹದಿನೇಳು ಜನ ಕಂದಾಯ ವಸೂಲಿಯವರು! ಅವರು ಒಬ್ಬ ಕಾವಲುಗಾರನನ್ನೂ ಇಬ್ಬರು ರೈತರನ್ನೂ ಹಿಡಿದು, ಹಗ್ಗಕ್ಕೆ ನೇತುಹಾಕಿ, ಉಳಿದವರು ಎಲ್ಲಿ ಅಡಗಿದ್ದಾರೆ ಹೇಳು ಎಂದು ಹೊಡೆಯುತ್ತಿದ್ದರಂತೆ.

ರಶೀದುದ್ದೀನ್ ತನ್ನ ದೊರೆ ಘಜಾನ್ ಖಾನನ ಸುಧಾರಣೆ ಹೊಗಳಬೇಕಾಗಿದ್ದವನು. ಹಾಗಾಗಿ ಹಿಂದಿನವರನ್ನು ಸ್ವಲ್ಪ ಹೆಚ್ಚೇ ಕಪ್ಪು ಮಾಡಿರಬಹುದು. ಆದರೂ ಇಂಥ ವಿವರ ಸುಮ್ನೆ ಹುಟ್ಟುವುದಿಲ್ಲ. ಖಜಾನೆ ಬರಿದಾಗಿದ್ದಕ್ಕೆ ಬೇರೆ ಸಾಕ್ಷಿಯೂ ಇದೆ. 1294ರಲ್ಲಿ ಗೈಖಾತು ಎಂಬ ದೊರೆ ಚೀನಾ ನೋಡಿ ಕಾಗದದ ಹಣ ಅಚ್ಚು ಹಾಕಿಸಿದ, ತಗೊಳ್ಳದಿದ್ದರೆ ತಲೆ ತೆಗೆಸುತ್ತೇನೆ ಎಂದ. ತಬ್ರೀಜ್‌ನ ಅಂಗಡಿಯವರು ಬಾಗಿಲು ಹಾಕಿಕೊಂಡರು. ಪೇಟೆ ಖಾಲಿ ಹೊಡೆಯಿತು. ಸುಮಾರು ಎರಡು ತಿಂಗಳಿಗೆ ಆ ನೋಟು ವಾಪಸ್ ಹೋಯಿತು.

1295ರಲ್ಲಿ ಪಟ್ಟಕ್ಕೆ ಬಂದ ಘಜಾನ್ ಇಸ್ಲಾಂ ಸ್ವೀಕರಿಸಿದ. ಅದಕ್ಕಿಂತ ರೈತನಿಗೆ ಮುಖ್ಯವಾಗಿದ್ದು ಅವನ ಕಂದಾಯದ ಆಜ್ಞೆ. ಯಾವ ಊರು ಯಾವಾಗ ಎಷ್ಟು ಕೊಡಬೇಕು ಎಂದು ಹಲಗೆ, ಕಲ್ಲಿನ ಮೇಲೆ ಬರೆದು ಊರಲ್ಲೇ ನಿಲ್ಲಿಸಬೇಕು. ಪಾಳು ಬಿದ್ದ ಜಮೀನು ಉಳುವವನಿಗೆ ಮೊದಲ ವರ್ಷ ಕಂದಾಯ ಮಾಫಿ, ಆಮೇಲೂ ರಿಯಾಯಿತಿ. ತೂಕ, ಅಳತೆ ಎಲ್ಲ ಕಡೆ ಒಂದೇ. ಹೊರಗಿನಿಂದ ಬಂದ ದಾಳಿಕಾರನ ಮರಿಮೊಮ್ಮಗ ‘ಈ ರೈತರನ್ನು ಹೀಗೇ ಸುಲಿದರೆ ನಾಳೆ ನಮಗೆ ತಿನ್ನಲು ಏನಿದೆ’ ಎಂದು ಯೋಚಿಸಲು ಶುರುಮಾಡಿದ್ದು ಆಗ. ಪರಕೀಯ ಆಡಳಿತ ಊರಿನ ಆಡಳಿತವಾಗಿ ಬದಲಾಗುವ ಗಳಿಗೆ ಇದು. ಮತಾಂತರ ಆಮೇಲಿನ ಮಾತು ಎಂದು ನನಗನಿಸುತ್ತದೆ. ಆದರೆ ಹೊತ್ತು ಮೀರಿತ್ತು. 1335ರಲ್ಲಿ ಕೊನೆಯ ದೊರೆ ಅಬೂ ಸಯೀದ್ ಗಂಡು ಸಂತಾನವಿಲ್ಲದೆ ಸತ್ತ, ರಾಜ್ಯ ಒಡೆದುಹೋಯಿತು. ಕಜ್ವೀನ್ ಊರಿನ ಕಂದಾಯ ಅಧಿಕಾರಿ ಹಮ್ದುಲ್ಲಾ ಮುಸ್ತೌಫಿ 1340ರ ಹೊತ್ತಿಗೆ, ಇನ್ನೊಂದು ಆಪತ್ತು ಬರದೇ ಇದ್ದರೂ ಈ ಹಾಳು ಸಾವಿರ ವರ್ಷಕ್ಕೂ ಸರಿಹೋಗದು ಎಂದು ಬರೆದ. ಅವನು ಕವಿಯ ಹಾಗೆ ಮರುಗುತ್ತಿರಲಿಲ್ಲ, ಅವನ ಕೈಯಲ್ಲಿ ಕಂದಾಯದ ಕಡತ ಇತ್ತು.

ಅಷ್ಟಾದರೂ ಪಾರಸಿ ಭಾಷೆ ಸೊರಗಲಿಲ್ಲ, ಉಲ್ಟಾ ಬೆಳೆಯಿತು. ಖಲೀಫ ಹೋದ ಮೇಲೆ ಇರಾನಿನಲ್ಲಿ ಅರಬಿಯ ಹಿಡಿತ ಸಡಿಲವಾಯಿತು. ಇತಿಹಾಸ, ಲೆಕ್ಕ, ಪತ್ರ ಎಲ್ಲ ಪಾರಸಿಯಲ್ಲಿ. ಚೀನಾದ ಚಿತ್ರಕಲೆ ಬಂದು ಇರಾನಿನ ಪುಸ್ತಕದ ಚಿತ್ರಗಳೇ ಬದಲಾದವು. ಸುಲ್ತಾನಿಯಾದಲ್ಲಿ ಸುಮಾರು 50 ಮೀಟರ್ ಎತ್ತರದ ಗುಮ್ಮಟ ಎದ್ದಿತು. ಹಳ್ಳಿ ಬಡವಾದ ಕಾಲದಲ್ಲೇ ಆಸ್ಥಾನದ ಕಲೆ ಬೆಳಗಿತು. ಕಲೆ ತೋರಿಸಿ ‘ದಾಳಿಯಿಂದ ಒಳ್ಳೆಯದೇ ಆಯಿತು’ ಅನ್ನುವವರನ್ನು ಕಂಡರೆ ನನಗೆ ಸ್ವಲ್ಪ ರೇಗುತ್ತದೆ. ಅದಕ್ಕೆ ದುಡ್ಡು ಕೊಟ್ಟದ್ದು ಫಿರೂಜಾಬಾದಿನಂಥ ಊರುಗಳು.

ದಾಖಲೆ ಎಷ್ಟು ಮುಖ್ಯ ಅನ್ನುವುದಕ್ಕೆ ನನಗೆ ತುಂಬಾ ಇಷ್ಟವಾದ ಉದಾಹರಣೆ ಇರಾನ್‌ದಲ್ಲ, ಕೊರಿಯಾದ್ದು. 1592ರಲ್ಲಿ ಜಪಾನಿನ ಹಿದೆಯೊಶಿಯ ಸೈನ್ಯ ಬೂಸಾನ್‌ನಲ್ಲಿ ಇಳಿದು ಸುಮಾರು 20 ದಿನದಲ್ಲಿ ರಾಜಧಾನಿ ಸೋಲ್ ಹಿಡಿಯಿತು. ರಾಜ ಮುಂಚೆಯೇ ಓಡಿದ್ದ. ಸಿಟ್ಟಿಗೆದ್ದ ಜನ ಅರಮನೆಗೆ ಬೆಂಕಿ ಇಟ್ಟರು. ಗುಲಾಮರ ದಾಖಲೆ ಇಟ್ಟಿದ್ದ ಕಚೇರಿಯೂ ಸುಟ್ಟಿತು, ಅದಕ್ಕೆ ಬೆಂಕಿ ಹಚ್ಚಿದ್ದು ಗುಲಾಮರೇ ಎಂದು ಅಲ್ಲಿನ ಇತಿಹಾಸ ಹೇಳುತ್ತದೆ. ಯಾರಿಗೆ ಯಾವ ಕಾಗದ ಭಾರ ಅನ್ನುವುದು ಜನರಿಗೆ ಚೆನ್ನಾಗಿ ಗೊತ್ತಿರುತ್ತದೆ. ಕೊರಿಯಾ ಆಳುತ್ತಿದ್ದ ಜೋಸನ್ ವಂಶದ ರಾಜರ ದಿನಚರಿಯಂಥ ಇತಿಹಾಸದ ಪ್ರತಿಗಳನ್ನು ನಾಲ್ಕು ಊರುಗಳಲ್ಲಿ ಇಡುತ್ತಿದ್ದರು. ಮೂರು ಸುಟ್ಟವು. ನಾಲ್ಕನೆಯದು ಜೋನ್‌ಜು ಊರಿನದು. ಅಲ್ಲಿನ ಇಬ್ಬರು ಪಂಡಿತರು ಆ ಪೆಟ್ಟಿಗೆಗಳನ್ನು ನೇಜಾಂಗ್ ಬೆಟ್ಟದ ಗುಹೆಗೆ ಸಾಗಿಸಿ ಸರದಿ ಮೇಲೆ ಕಾದರು. ಯುದ್ಧ ಮುಗಿದ ಮೇಲೆ ಅದರಿಂದಲೇ ಹೊಸ ಪ್ರತಿಗಳನ್ನು ಅಚ್ಚು ಹಾಕಿದರು. ಅವನ್ನು ಇಡುವ ಜಾಗ ಮಾತ್ರ ಬದಲಾಯಿತು, ಹೆಚ್ಚಿನವು ಬೆಟ್ಟದ ಮೇಲೆ ಹೋದವು.

ಕೊರಿಯಾದ ಜಮೀನಿನ ಪಟ್ಟಿಗಳು ಅಷ್ಟು ಅದೃಷ್ಟ ಮಾಡಿರಲಿಲ್ಲ. ಯುದ್ಧದ ನಂತರ ಸರ್ಕಾರದ ಲೆಕ್ಕಕ್ಕೆ ಸಿಗುತ್ತಿದ್ದ ಸಾಗುವಳಿ ಜಮೀನು ಮುಂಚಿನ ಅರ್ಧಕ್ಕಿಂತ ಕಡಿಮೆ. ಅಷ್ಟೂ ಪಾಳು ಬಿದ್ದಿರಲಿಲ್ಲ. ಎಷ್ಟೋ ಹೊಲ ಉಳುತ್ತಲೇ ಇದ್ದರು, ಕಾಗದ ಮಾತ್ರ ಇರಲಿಲ್ಲ. ಹಳೇ ಪದ್ಧತಿಯಲ್ಲಿ ಊರೂರಿನಿಂದ ಬೇರೆ ಬೇರೆ ವಸ್ತು ಕಪ್ಪ ತರಬೇಕಿತ್ತು. ಅದನ್ನು ಬಿಟ್ಟು ಅಕ್ಕಿಯಲ್ಲೇ ಕೊಡಿ ಅನ್ನುವ ಹೊಸ ಕಾನೂನು 1608ರಲ್ಲಿ ಸೋಲ್ ಸುತ್ತಲಿನ ಪ್ರಾಂತ್ಯದಿಂದ ಶುರುವಾಯಿತು. ಅದೇ ರಾಜವಂಶ ಇನ್ನೂ ಮುನ್ನೂರು ವರ್ಷ ಆಳಿತು. ದಾಳಿಕಾರ ಕೂರಲಿಲ್ಲ, ಹೋದ. ಬರೆಯುವವರು ಉಳಿದಿದ್ದರು.

ಮೆಕ್ಸಿಕೋ ಯಾಕೆ ಹಾಗಾಗಲಿಲ್ಲ ಎಂದು ಕೇಳಿದರೆ ಉತ್ತರ ಚಿಕ್ಕದು, ಕ್ರೂರವಾದ್ದು. ಜನರೇ ಉಳಿಯಲಿಲ್ಲ. 1520ರಲ್ಲಿ ಸಿಡುಬು, 1545ರಲ್ಲಿ ಮತ್ತು 1576ರಲ್ಲಿ ಮತ್ತೆ ಮಹಾಮಾರಿ. ಅಂದಾಜುಗಳಲ್ಲಿ ಜಗಳ ಇದೆ. ಆದರೂ ಒಂದು ಶತಮಾನದಲ್ಲಿ ಹತ್ತರಲ್ಲಿ ಎಂಟೊಂಬತ್ತು ಪಾಲು ಹೋದರು ಅನ್ನುವವರೇ ಹೆಚ್ಚು. ಮರ್ವ್‌ನಲ್ಲಿ ಪಕ್ಕದ ಊರಿನಿಂದ ಜನ ಬಂದು ಸೇರಬಹುದಿತ್ತು. ಮೆಕ್ಸಿಕೋದಲ್ಲಿ ಪಕ್ಕದ ಊರೂ ಖಾಲಿ. ಬದುಕಿದವರನ್ನು ಗಣಿಗೆ, ತೋಟಕ್ಕೆ ಹಂಚಿದರು. ಕೊಲಂಬಸ್‌ಗೆ ಮುಂಚೆ ಸಿಡುಬಿನಂಥ ರೋಗಗಳನ್ನು ಆ ಖಂಡ ಕಂಡಿರಲಿಲ್ಲ. ಇರಾನ್, ಚೀನಾ, ಭಾರತ ಇವು ಯುರೋಪಿನ ಜೊತೆ ಒಂದೇ ರೋಗದ ಬಯಲಿನಲ್ಲಿ ಸಾವಿರಾರು ವರ್ಷ ಇದ್ದವು, ಆ ಒಂದು ವಿಷಯದಲ್ಲಿ ಬಚಾವಾದವು.

ಬರೀ ಲೂಟಿ ಮಾಡಿ ಹೊರಟುಹೋಗುವ ದಾಳಿಯ ಬಗ್ಗೆ ಒಂದು ಮಾತು. 1739ರಲ್ಲಿ ನಾದಿರ್ ಷಾ ದೆಹಲಿಗೆ ಬಂದ. ಮಾರ್ಚ್ 22ರ ಒಂದೇ ದಿನ 20ರಿಂದ 30 ಸಾವಿರ ಜನ ಸತ್ತರು ಎಂದು ಅಂದಾಜು. ಮಯೂರ ಸಿಂಹಾಸನ, ಕೊಹಿನೂರ್ ಎಲ್ಲ ಹೊತ್ತುಕೊಂಡು ಹೋದ. ಸಿಕ್ಕ ಸಂಪತ್ತು ಎಷ್ಟಿತ್ತೆಂದರೆ ಇರಾನಿನಲ್ಲಿ ಮೂರು ವರ್ಷ ಕಂದಾಯ ಮನ್ನಾ ಮಾಡಿದ. ದೆಹಲಿ ಮೊಘಲರು ಆಮೇಲೆ ಏಳಲಿಲ್ಲ, ನಿಜ. ಆದರೆ ಬಂಗಾಳ, ಅವಧ್, ಹೈದರಾಬಾದ್ ಅವರ ಕೈಯಿಂದ ಅದಾಗಲೇ ಜಾರಿದ್ದವು. ಹಿಂದಿನ ಶತಮಾನದ ದೆಹಲಿಯಾಗಿದ್ದರೆ ಅಷ್ಟು ಹೋದರೂ ಹತ್ತು ವರ್ಷದ ಕಂದಾಯದಲ್ಲಿ ತುಂಬಿಕೊಳ್ಳುತ್ತಿತ್ತು.

ಇನ್ನು ಹಳೇಬೀಡು. ಮಂಗೋಲರು ಕರ್ನಾಟಕಕ್ಕೆ ಬರಲಿಲ್ಲ, ದೆಹಲಿಗೆ ಬಂದರು. 1299ರಲ್ಲಿ ಒಮ್ಮೆ, 1303ರಲ್ಲಿ ಮತ್ತೊಮ್ಮೆ ದೆಹಲಿಯ ಬಾಗಿಲವರೆಗೆ ಬಂದರು. ಇವರು ಮಧ್ಯ ಏಷ್ಯಾದ ಮಂಗೋಲರು, ಇರಾನ್ ಆಳುತ್ತಿದ್ದವರ ದಾಯಾದಿಗಳು. ಅವರನ್ನು ತಡೆಯಲು ಅಲ್ಲಾವುದ್ದೀನ್ ಖಿಲ್ಜಿ ಭಾರೀ ಸೈನ್ಯ ಕಟ್ಟಿದ. ಸಂಬಳ ಕೊಡಬೇಕಲ್ಲ? ಗಂಗಾ ಬಯಲಿನಲ್ಲಿ ಅರ್ಧ ಬೆಳೆ ಕಂದಾಯಕ್ಕೆ ಕಿತ್ತುಕೊಂಡ. ದೆಹಲಿ ಪೇಟೆಯಲ್ಲಿ ಧಾನ್ಯ, ಬಟ್ಟೆ, ಕುದುರೆ ಎಲ್ಲದಕ್ಕೂ ದರ ಕಟ್ಟಿದ. ಅಷ್ಟು ದೊಡ್ಡ ಸೈನ್ಯ ಕೈಲಿದ್ದಾಗ ದಕ್ಷಿಣದ ಖಜಾನೆಗಳು ಕಣ್ಣಿಗೆ ಬಿದ್ದವು. ಅವನ ಸೇನಾಪತಿ ಮಲಿಕ್ ಕಾಫೂರ್ ದೇವಗಿರಿ, ವಾರಂಗಲ್ ಮುಗಿಸಿ 1311ರ ಫೆಬ್ರವರಿಯಲ್ಲಿ ದ್ವಾರಸಮುದ್ರಕ್ಕೆ, ಅಂದರೆ ಈಗಿನ ಹಳೇಬೀಡಿಗೆ, ಬಂದ. ಎಲ್ಲಕ್ಕೂ ಮಂಗೋಲರೇ ಕಾರಣ ಎಂದು ಹೇಳಲಾರೆ, ಖಿಲ್ಜಿಯ ಆಸೆಯೂ ಚಿಕ್ಕದೇನಲ್ಲ. ಆದರೆ ಒತ್ರಾರ್‌ನಿಂದ ಎದ್ದ ಅಲೆಯ ತುದಿ ಹಳೇಬೀಡಿಗೆ ತಾಗಿದ್ದು ಹೀಗೆ.

ಹೊಯ್ಸಳ ದೊರೆ ಮುಮ್ಮಡಿ ಬಲ್ಲಾಳ ಆಗ ಊರಲ್ಲಿರಲಿಲ್ಲ. ಪಾಂಡ್ಯರ ಅಣ್ಣತಮ್ಮಂದಿರ ಜಗಳದಲ್ಲಿ ಕೈಹಾಕಲು ತಮಿಳುನಾಡಿನ ಕಡೆ ಹೋಗಿದ್ದ. ಓಡಿ ಬಂದ, ಕಾದಾಡಿ ಪ್ರಯೋಜನವಿಲ್ಲ ಎಂದು ಶರಣಾಗಿ ಸಂಪತ್ತು ಒಪ್ಪಿಸಿದ. ಕಾಫೂರ್ ಅಲ್ಲಿ ಕೂರಲಿಲ್ಲ, ಮುಂದೆ ಮಧುರೆಗೆ ಹೋಗಿ ದೆಹಲಿಗೆ ವಾಪಸಾದ. ಬಲ್ಲಾಳ ಮತ್ತೆ ಆಳಿದ. ತುಘಲಕ್ ಕಾಲದಲ್ಲಿ ಇನ್ನೊಂದು ಏಟು ಬಿತ್ತು. ಆಗ ದ್ವಾರಸಮುದ್ರ ರಾಜಧಾನಿಯಾಗಿ ಮುಗಿಯಿತು, ಬಲ್ಲಾಳ ತಿರುವಣ್ಣಾಮಲೈ ಕಡೆಯಿಂದ ಆಳುತ್ತಾ ಮಧುರೆ ಸುಲ್ತಾನರ ವಿರುದ್ಧ ಹೋರಾಡುತ್ತಲೇ ಸತ್ತ. ಮೊದಲ ದಾಳಿಯಿಂದ ಅವನ ಸಾವಿಗೆ ಮೂವತ್ತು ವರ್ಷದ ಮೇಲೆ ಅಂತರ ಇದೆ.

ಅರಮನೆ ಹೋಯಿತು, ಹೊಯ್ಸಳ ನಾಡು ಮಾತ್ರ ಮರ್ವ್ ಆಗಲಿಲ್ಲ. ಮರ್ವ್‌ಗೆ ಇದ್ದದ್ದು ಒಂದೇ ಅಣೆ. ಇಲ್ಲಿ ಊರಿಗೊಂದು ಕೆರೆ, ಮಳೆ ಬಂದರೆ ತುಂಬುತ್ತದೆ. ಕೋಡಿ ಒಡೆದರೆ ಊರವರೇ ಸೇರಿ ಕಟ್ಟಿಕೊಳ್ಳುತ್ತಾರೆ, ರಾಜನಿಗೆ ಕಾಯಬೇಕಿಲ್ಲ. ದಾಳಿಯ ಸೈನ್ಯ ಹೆದ್ದಾರಿ ಮತ್ತು ಖಜಾನೆ ಹುಡುಕಿಕೊಂಡು ಬಂದದ್ದು, ಹಳ್ಳಿ ಹಳ್ಳಿಯ ಗೌಡರನ್ನಲ್ಲ. ಶಾಸನಗಳಲ್ಲಿ ಬರುವ ನಾಡಗೌಡರು, ಸೇನಬೋವರು ವಿಜಯನಗರದ ಶಾಸನಗಳಲ್ಲೂ ಹಾಗೇ ಮುಂದುವರಿಯುತ್ತಾರೆ. ವಿಜಯನಗರದ ಸಂಗಮ ವಂಶದವರು ಬಂದಾಗ ಹೊಯ್ಸಳ ಸೀಮೆಯ ಆಡಳಿತವನ್ನು ಮೊದಲಿನಿಂದ ಕಟ್ಟಬೇಕಾಗಿರಲಿಲ್ಲ, ಇದ್ದದ್ದನ್ನು ವಹಿಸಿಕೊಂಡರು. ನಿಮ್ಮ ಜಿಲ್ಲೆಯಲ್ಲೇ ಇದನ್ನು ಪರೀಕ್ಷೆ ಮಾಡಬಹುದು. ನಮ್ಮ ಶಾಸನಗಳನ್ನು ಸೇರಿಸಿ ಅಚ್ಚು ಹಾಕಿದ ಎಪಿಗ್ರಾಫಿಯಾ ಕರ್ನಾಟಿಕಾದ ಹಾಸನ ಜಿಲ್ಲೆಯ ಸಂಪುಟಗಳನ್ನು ತೆಗೆದುಕೊಂಡು 1311ಕ್ಕೆ ಮುಂಚಿನ ಶಾಸನ, ಆಮೇಲಿನ ಶಾಸನ ಪಕ್ಕಪಕ್ಕ ಇಟ್ಟು, ಯಾವ ಯಾವ ಊರಿನ ಹೆಸರು, ಕೆರೆಯ ಹೆಸರು ಎರಡರಲ್ಲೂ ಇವೆ ನೋಡಿ.